ಬೇಸರವಾದರೂ ಅಂಗಡಿ ಆಟ ಬಿಡಲಾಗುತ್ತಿಲ್ಲ, ಯಾಕೆ?

ಪ್ರಶ್ನೆ: ನನಗೆ 37 ವರ್ಷ. ದಾವಣಗೆರೆಯ ಒಂದು ಸಹಕಾರಿ ಬ್ಯಾಂಕಿನಲ್ಲಿ ಕ್ಯಾಷಿಯರ್. ನಾನು ಸಣ್ಣವನಿದ್ದಾಗ ಅಪ್ಪನದು ಕಿರಾಣಿ ಅಂಗಡಿ ಇತ್ತು, ಈಗಿಲ್ಲ. ಎರಡು ತಿಂಗಳ ಹಿಂದೆ ತಮ್ಮ ಹೇಳಿದ ಅಂತ ಲ್ಯಾಪ್‌ಟಾಪಿಗೆ 'ಸೂಪರ್‌ಮಾರ್ಕೆಟ್ ಸಿಮ್ಯುಲೇಟರ್' ಹಾಕಿಕೊಂಡೆ. ಮೊದಲ ಎರಡು ವಾರ ಊಟ ಮರೆಯುವಷ್ಟು ಖುಷಿ. ಬಾಕ್ಸ್ ತರುವುದು, ರ‍್ಯಾಕ್ ತುಂಬುವುದು, ಬಿಲ್ ಹೊಡೆಯುವುದು, ಚಿಲ್ಲರೆ ಕೊಡುವುದು. ಇಷ್ಟೇ. ಈಗ ಆ ಅಂಗಡಿ ದೊಡ್ಡದಾಗಿದೆ, ಕೆಲಸದವರಿದ್ದಾರೆ, ದುಡ್ಡು ಬೇಕಾದಷ್ಟಿದೆ. ಆದರೆ ಆಡುವಾಗ ಬೇಸರ. ಆದರೂ ರಾತ್ರಿ ಹತ್ತೂವರೆಗೆ ಕೂತವನು ಏಳುವುದು ಒಂದು ಗಂಟೆಗೆ. 'ಹಗಲೆಲ್ಲ ದುಡ್ಡು ಎಣಿಸಿ ಬಂದು ರಾತ್ರಿನೂ ಎಣಿಸ್ತೀರಲ್ಲ, ಇದೇನು ಚಟನಾ?' ಅಂತ ಹೆಂಡತಿ ಕೇಳುತ್ತಾಳೆ. ಒಂಬತ್ತು ವರ್ಷದ ಮಗಳು ಪಕ್ಕದಲ್ಲಿ ಕೂತು ನೋಡುತ್ತಾಳೆ. ಅವಳಿಗೆ ಇದು ಒಳ್ಳೆಯದೋ ಕೆಟ್ಟದೋ ಗೊತ್ತಾಗುತ್ತಿಲ್ಲ. ಇನ್ನೊಂದು ವಿಷಯ: ಮಾವನವರ ಮನೆ ಮುಂದಿನ ಮಳಿಗೆ ಖಾಲಿ ಇದೆ. ಆಟದಲ್ಲಿ ಇಷ್ಟು ಚೆನ್ನಾಗಿ ನಡೆಸುವವನು ನಿಜವಾಗಿ ಒಂದು ಅಂಗಡಿ ಹಾಕಿದರೆ ಹೇಗೆ ಅಂತ ಆಸೆ ಹುಟ್ಟಿದೆ. ಇದರಲ್ಲಿ ಕಲಿತದ್ದು ಅಲ್ಲಿ ಕೆಲಸಕ್ಕೆ ಬರುತ್ತದೆಯೇ?
(ಹೆಸರು ಬೇಡ, ದಾವಣಗೆರೆ)

ಉತ್ತರ: ನಮಸ್ಕಾರ. ನಿಮ್ಮ ಪತ್ರದಲ್ಲಿ ನಾಲ್ಕು ಪ್ರಶ್ನೆಗಳಿವೆ. ಬೇಸರವಾದರೂ ಯಾಕೆ ಆಡುತ್ತೇನೆ, ಇದು ಚಟವೇ, ಮಗಳಿಗೆ ಸರಿಯೇ, ಅಂಗಡಿ ಹಾಕಬಹುದೇ. ನಾನು ವೈದ್ಯನಲ್ಲ, ಗೇಮ್ ಡಿಸೈನರ್. ಇಂಥ ಆಟಗಳ ಲೆಕ್ಕ ಕೂರಿಸುವುದೇ ನನ್ನ ಕೆಲಸ: ಯಾವ ಸಾಮಾನಿಗೆ ಎಷ್ಟು ಬೆಲೆ, ಎಷ್ಟು ಹೊತ್ತು ಆಡಿದರೆ ಮುಂದಿನ ಲೆವೆಲ್, ಕೆಲಸದವನ ಸಂಬಳ ಎಷ್ಟಿಟ್ಟರೆ ಆಟಗಾರ ಎರಡು ಸಲ ಯೋಚಿಸುತ್ತಾನೆ. ಹಾಗಾಗಿ ಮೊದಲ ಪ್ರಶ್ನೆಗೆ ಒಳಗಿನವನಾಗಿ ಉತ್ತರ ಕೊಡಬಲ್ಲೆ. ಚಟದ ವಿಷಯದಲ್ಲಿ ವೈದ್ಯರು ಯಾವ ಅಳತೆ ಇಟ್ಟುಕೊಂಡಿದ್ದಾರೆ ಅನ್ನುವುದನ್ನು ಹೇಳುತ್ತೇನೆ. ಅಂಗಡಿಯ ವಿಷಯದಲ್ಲಿ ಆಟ ಏನನ್ನು ಬಿಟ್ಟಿದೆ ಅಂತ ತೋರಿಸುತ್ತೇನೆ. ಅದನ್ನು ಬಿಟ್ಟವರು ನಮ್ಮಂಥವರೇ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನಿಮಗೆ ಬೇಸರ ಬಂದಿದೆ ಅಂದರೆ ನಿಮ್ಮ ಆಟ ಮುಗಿದಿದೆ. ಈ ಬಗೆಯ ಆಟಗಳು ಮುಗಿಯುವುದೇ ಹಾಗೆ. 'ಮುಗಿಯಿತು, ಇನ್ನು ಎದ್ದು ಹೋಗಿ' ಅಂತ ಪರದೆಯ ಮೇಲೆ ಬರುವುದಿಲ್ಲ. ಅದಕ್ಕೇ ನೀವಿನ್ನೂ ಕೂತಿದ್ದೀರಿ.

ಈಗ ನಿಮ್ಮ ಮನೆಯವರ ಪ್ರಶ್ನೆ. ಹಗಲೂ ಎಣಿಕೆ, ರಾತ್ರಿಯೂ ಎಣಿಕೆ, ಇದೆಂಥ ಆಟ? ಅವರು ಕೇಳುವುದರಲ್ಲಿ ತಪ್ಪಿಲ್ಲ. ಆದರೆ 'ದುಡಿದು ದಣಿದವನಿಗೆ ದುಡಿಮೆಯ ಆಟ ಹಿಡಿಸುವುದಿಲ್ಲ' ಅನ್ನುವುದು ಮಾತ್ರ ನಿಜವಲ್ಲ. ಲಾರಿ ಓಡಿಸುವ ಆಟ ಇದೆ, ಕೊಳಕು ಗೋಡೆಗೆ ಜೋರಾಗಿ ನೀರು ಹೊಡೆದು ತೊಳೆಯುವ ಆಟ ಇದೆ. ಎರಡಕ್ಕೂ ಲಕ್ಷಾಂತರ ಜನ ಇದ್ದಾರೆ. ಕೆಲಸದಲ್ಲಿ ನಮ್ಮನ್ನು ಸುಸ್ತು ಮಾಡುವುದು ಕೈಯಿಂದ ಮಾಡುವ ಭಾಗವೇ ಆಗಿರಬೇಕಿಲ್ಲ. ಕ್ಯಾಷ್ ಕೌಂಟರಿನಲ್ಲಿ ನಿಮ್ಮನ್ನು ದಣಿಸುವುದು ನೋಟು ಎಣಿಸುವುದೋ, ಅಥವಾ ಸಂಜೆ ಐನೂರು ರೂಪಾಯಿ ಕಡಿಮೆ ಬಂದರೆ ಏನು ಗತಿ ಅನ್ನುವ ಆತಂಕವೋ? ಸರ್ವರ್ ಡೌನ್ ಆದಾಗ ಬೈಸಿಕೊಳ್ಳುವವರು ನೀವು, ಸರಿ ಮಾಡುವ ಅಧಿಕಾರ ಇನ್ನೊಬ್ಬರದು. ಇವತ್ತು ಎಷ್ಟು ಚೆನ್ನಾಗಿ ಕೆಲಸ ಮಾಡಿದರೂ ನಾಳೆ ಬೆಳಿಗ್ಗೆ ಸಾಲು ಅಷ್ಟೇ ಉದ್ದ.

ಆಟ ಈ ಕೆಲಸದಿಂದ ಆತಂಕವನ್ನು ತೆಗೆದು, ಕೈಗೆ ಹಿತವಾದ ಭಾಗವನ್ನು ಮಾತ್ರ ಉಳಿಸಿಕೊಂಡಿದೆ. ಒಂದು ಸಣ್ಣ ವಿಷಯ ಗಮನಿಸಿ. ನೀವು ಬಾಗಿಲ ಬೋರ್ಡು ತಿರುಗಿಸಿ 'ಓಪನ್' ಮಾಡುವ ತನಕ ಆ ಅಂಗಡಿಯಲ್ಲಿ ಗಡಿಯಾರ ಓಡುವುದಿಲ್ಲ. ಬೆಳಿಗ್ಗೆ 8 ಗಂಟೆ 8 ಗಂಟೆಯಾಗಿಯೇ ನಿಂತಿರುತ್ತದೆ. ಬಾಕ್ಸುಗಳನ್ನು ಸಾವಕಾಶವಾಗಿ ಒಳಗೆ ತಂದು, ಎಲ್ಲ ಜೋಡಿಸಿ, ಬೆಲೆ ಚೀಟಿ ಸರಿ ಮಾಡಿ, ಒಂದು ಸುತ್ತು ನೋಡಿ ಆಮೇಲೆ ಬಾಗಿಲು ತೆಗೆಯಬಹುದು. ರಾತ್ರಿ 9ಕ್ಕೆ ಗಡಿಯಾರ ನಿಲ್ಲುತ್ತದೆ. ಲೆಕ್ಕದ ಹಾಳೆ ಬರುತ್ತದೆ: ಇಷ್ಟು ವ್ಯಾಪಾರ, ಇಷ್ಟು ಖರ್ಚು, ಇಷ್ಟು ಲಾಭ. ಹೊರಗಿನ ಜಗತ್ತಿನಲ್ಲಿ ಯಾವ ಕೆಲಸಕ್ಕೂ ಇಷ್ಟು ಅಚ್ಚುಕಟ್ಟಾದ ಆರಂಭ ಮತ್ತು ಮುಕ್ತಾಯ ಇಲ್ಲ. ನಾನು ಮಾಡಿದ್ದು ನನ್ನ ಕಣ್ಣೆದುರೇ ಫಲ ಕೊಟ್ಟಿತು ಅನ್ನುವ ಸಮಾಧಾನ ಪ್ರತಿ ಅರ್ಧ ಗಂಟೆಗೆ ಒಮ್ಮೆ ಸಿಗುತ್ತದೆ. ಅದು ಸಣ್ಣ ಸುಖ ಅಲ್ಲವೇ ಅಲ್ಲ.

ಈ ಜಾತಿಯ ಆಟ ಹೊಸದೇನೂ ಅಲ್ಲ. 1973ರಲ್ಲಿ ಅಮೆರಿಕದ ಮಿನ್ನೆಸೋಟದಲ್ಲಿ, ಶಾಲೆಗಳಿಗೆ ಕಂಪ್ಯೂಟರ್ ಒದಗಿಸುತ್ತಿದ್ದ ಎಂಇಸಿಸಿ ಸಂಸ್ಥೆಯ ಬಾಬ್ ಜೇಮಿಸನ್ 'ಲೆಮನೇಡ್ ಸ್ಟ್ಯಾಂಡ್' ಅನ್ನುವ ಆಟ ಬರೆದರು. ನಿಂಬೆ ಪಾನಕದ ಅಂಗಡಿ. ಇವತ್ತಿನ ಹವಾಮಾನ ಹೀಗಿದೆ ಅಂತ ಕಂಪ್ಯೂಟರ್ ಹೇಳುತ್ತದೆ. ಎಷ್ಟು ಲೋಟ ಮಾಡುತ್ತೀರಿ, ಎಷ್ಟು ಬೋರ್ಡು ಹಾಕುತ್ತೀರಿ, ಲೋಟಕ್ಕೆ ಎಷ್ಟು ಬೆಲೆ ಅಂತ ಮೂರು ಸಂಖ್ಯೆ ಹೊಡೆಯಬೇಕು. ಮಳೆ ಬಂದರೆ ಪಾನಕ ಉಳಿಯಿತು, ದುಡ್ಡು ಹೋಯಿತು. ಮಕ್ಕಳಿಗೆ ವ್ಯಾಪಾರ ಕಲಿಸಲು ಮಾಡಿದ ಆಟ ಅದು. ಅದರಲ್ಲಿ ತಲೆಗೆ ಮಾತ್ರ ಕೆಲಸ, ಕೈಗೆ ಏನೂ ಇಲ್ಲ.

ನೀವು ಆಡುತ್ತಿರುವುದು ಹೆಚ್ಚು ಕಡಿಮೆ ಅದರ ತಲೆಕೆಳಗು. ಟರ್ಕಿಯ ನೋಕ್ಟಾ ಗೇಮ್ಸ್ ಅದನ್ನು 2024ರ ಫೆಬ್ರವರಿಯಲ್ಲಿ, ಆಟಗಳನ್ನು ಮಾರುವ ಆನ್‌ಲೈನ್ ಅಂಗಡಿಯಾದ ಸ್ಟೀಮ್‌ನಲ್ಲಿ ಬಿಟ್ಟಿತು. ಬೆಲೆ ನಿರ್ಧಾರ ಇದೆ, ನಿಜ. ಆದರೆ ಮಾರುಕಟ್ಟೆ ದರ ಅಲ್ಲೇ ಕಾಣುತ್ತದೆ. ಅದಕ್ಕಿಂತ ಸ್ವಲ್ಪ ಮೇಲೆ ಇಟ್ಟರೆ ಮುಗಿಯಿತು, ಜಾಸ್ತಿ ಯೋಚನೆ ಬೇಕಿಲ್ಲ. ಆಟದ ಜೀವ ಇರುವುದು ಕೈಯಲ್ಲಿ. ರಸ್ತೆಯಲ್ಲಿ ಬಿದ್ದ ಬಾಕ್ಸ್ ಎತ್ತಬೇಕು, ರ‍್ಯಾಕಿನ ಮುಂದೆ ನಿಂತು ಒಂದೊಂದೇ ಸಾಮಾನು ಇಡಬೇಕು, ಖಾಲಿ ಬಾಕ್ಸ್ ಕಸಕ್ಕೆ ಹಾಕಬೇಕು. ಅಷ್ಟರಲ್ಲಿ ಕೌಂಟರಿನಲ್ಲಿ ನಾಲ್ಕು ಜನ. ಮೊದಲನೆಯವರು ಕಾರ್ಡು ಕೊಟ್ಟರೆ ಮಿಷಿನ್ನಿನಲ್ಲಿ ಮೊತ್ತ ಒತ್ತಬೇಕು. ಎರಡನೆಯವರು ನೋಟು ಕೊಟ್ಟರೆ ಗಲ್ಲಾ ತೆರೆದು ಡಾಲರು, ಸೆಂಟು ಆಯ್ದು ಚಿಲ್ಲರೆ ಕೊಡಬೇಕು. ಬಿಲ್ ಹೊಡೆಯುತ್ತಿರುವಾಗಲೇ ಹಾಲಿನ ರ‍್ಯಾಕು ಖಾಲಿಯಾಗಿದೆ ಅಂತ ಕಣ್ಣಂಚಿನಲ್ಲಿ ಕಾಣುತ್ತದೆ. ಎರಡೂ ಕಡೆ ಇರಲು ಆಗುವುದಿಲ್ಲ. ಇರುವುದು ಎರಡೇ ಕೈ.

ನಿಮ್ಮ ಮೊದಲ ಎರಡು ವಾರದ ಖುಷಿ ಇದ್ದದ್ದು ಇಲ್ಲೇ. ನಮ್ಮ ಕಸುಬಿನಲ್ಲಿ ನಾವು ಮೊದಲು ಕೇಳಿಕೊಳ್ಳುವ ಪ್ರಶ್ನೆ: ಈ ಆಟದಲ್ಲಿ ಯಾವುದು ಸಾಲದು? ಏನಾದರೊಂದು ಸಾಲದೇ ಇದ್ದರೆ ಮಾತ್ರ ಆಟಗಾರ ಯೋಚಿಸುತ್ತಾನೆ. ಶುರುವಿನಲ್ಲಿ ನಿಮಗೆ ಸಮಯ ಸಾಲದು, ಜಾಗ ಸಾಲದು, ದುಡ್ಡು ಸಾಲದು. ಬ್ರೆಡ್ಡಿನ ಬಾಕ್ಸ್ ತರಿಸಬೇಕೋ, ಹೊಸ ರ‍್ಯಾಕ್ ಕೊಳ್ಳಬೇಕೋ, ಹೊಸ ಸಾಮಾನು ಮಾರುವ ಇನ್ನೊಂದು ಲೈಸೆನ್ಸಿಗೆ ಕೂಡಿಡಬೇಕೋ. ಪ್ರತಿಯೊಂದೂ ನಿಜವಾದ ಆಯ್ಕೆ. ತಪ್ಪಿದರೆ ನಾಳೆ ಬೆಳಿಗ್ಗೆ ಗೊತ್ತಾಗುತ್ತದೆ.

ಆಮೇಲೆ ಆಟ ನಿಮಗೆ ಕ್ಯಾಷಿಯರ್ ಕೊಡುತ್ತದೆ. ರ‍್ಯಾಕ್ ತುಂಬುವವರನ್ನು ಕೊಡುತ್ತದೆ. ಯಾರಾದರೂ ತೆಗೆದುಕೊಳ್ಳದೆ ಇರುತ್ತಾರೆಯೇ? ಸೊಂಟ ನೋಯುವ ಕೆಲಸ ತಪ್ಪಿತು ಅನಿಸುತ್ತದೆ. ಆದರೆ ಬಿಲ್ ಹೊಡೆಯುವುದು, ಬಾಕ್ಸ್ ಎತ್ತುವುದು ಬಿಟ್ಟರೆ ಆ ಆಟದಲ್ಲಿ ಉಳಿಯುವುದು ಏನು? ಕಂಪ್ಯೂಟರ್ ಮುಂದೆ ನಿಂತು ಆರ್ಡರ್ ಹಾಕುವುದು, ಬೆಲೆ ಬದಲಾದಾಗ ಚೀಟಿ ತಿದ್ದುವುದು. ನೀವು ಕೂಡಿಟ್ಟ ದುಡ್ಡಿನಿಂದ ಆಟದ ಸುಖವನ್ನೇ ಬೇರೆಯವರಿಗೆ ವಹಿಸಿಬಿಟ್ಟಿರಿ. ಅಂಗಡಿ ಆಟಗಳ ದೊಡ್ಡ ಗಂಟು ಇದು. ಆಟಗಾರ ಬೆಳೆಯಬೇಕು ಅಂದರೆ ಕಷ್ಟ ಕಡಿಮೆ ಮಾಡಬೇಕು. ಕಷ್ಟ ಕಡಿಮೆಯಾದರೆ ಆಡಲು ಏನೂ ಉಳಿಯುವುದಿಲ್ಲ. ಇದನ್ನು ಪೂರ್ತಿ ಬಿಡಿಸಿದ ಆಟವನ್ನು ನಾನು ಕಂಡಿಲ್ಲ. ಒಳ್ಳೆಯವರು ಸ್ವಲ್ಪ ಮುಂದೂಡುತ್ತಾರೆ, ಅಷ್ಟೇ.

ಹಾಗಾದರೆ ಬೇಸರವಾದ ಮೇಲೂ ಕೈ ಯಾಕೆ ಬಿಡುವುದಿಲ್ಲ? ಹೊಟ್ಟೆ ತುಂಬಿದ ಮೇಲೂ ಮುಂದಿರುವ ಕಡಲೆಕಾಯಿ ಸುಲಿಯುತ್ತಾ ಕೂರುವ ಹಾಗೆ ಇದು. ಹಸಿವಿನಿಂದ ಅಲ್ಲ, ಇನ್ನೊಂದು ಇದೆಯಲ್ಲ ಅಂತ. ಇದರ ಹಿಂದಿನ ಲೆಕ್ಕ ಹೇಳುತ್ತೇನೆ. ನಮ್ಮ ಎಕ್ಸೆಲ್ ಹಾಳೆಯಲ್ಲಿ ಒಂದು ಕಾಲಂ ಇರುತ್ತದೆ: ಮುಂದಿನ ಹೊಸ ವಸ್ತು ಸಿಗಲು ಆಟಗಾರನಿಗೆ ಎಷ್ಟು ನಿಮಿಷ ಬೇಕು. ಮೊದಮೊದಲು ಅದನ್ನು ಕೆಲವೇ ನಿಮಿಷಕ್ಕೆ ಇಡುತ್ತೇವೆ. ಆಮೇಲೆ ನಿಧಾನಕ್ಕೆ ಉದ್ದ ಮಾಡುತ್ತಾ ಹೋಗುತ್ತೇವೆ. ನಿಮಗೆ ತಿಳಿಯುವಷ್ಟರಲ್ಲಿ ಒಂದು ಲೈಸೆನ್ಸಿಗೆ ಒಂದು ಸಂಜೆ ಹೋಗುತ್ತಿರುತ್ತದೆ. ಹತ್ತಿರ ಬಂದ ಗುರಿಯ ಕಡೆಗೆ ಓಟ ಜೋರಾಗುತ್ತದೆ ಅನ್ನುವುದನ್ನು ಅಮೆರಿಕದ ಮನಃಶಾಸ್ತ್ರಜ್ಞ ಕ್ಲಾರ್ಕ್ ಹಲ್ 1930ರ ದಶಕದಲ್ಲೇ ಇಲಿಗಳ ಮೇಲೆ ಪ್ರಯೋಗ ಮಾಡಿ ತೋರಿಸಿದ್ದರು. ಊಟದ ಬಟ್ಟಲು ಹತ್ತಿರ ಬಂದಷ್ಟೂ ಇಲಿ ಜೋರಾಗಿ ಓಡುತ್ತದೆ. ನಿಮ್ಮ ಪರದೆಯ ಮೂಲೆಯಲ್ಲಿರುವ ಲೆವೆಲ್ ಪಟ್ಟಿ ಮಾಡುವುದು ಇದನ್ನೇ. ಮುಕ್ಕಾಲು ತುಂಬಿದ ಪಟ್ಟಿಯನ್ನು ಬಿಟ್ಟು ಮಲಗುವುದು ಕಷ್ಟ. ತುಂಬಿದ ಕೂಡಲೇ ಹೊಸ ಪಟ್ಟಿ ಶುರುವಾಗುತ್ತದೆ. ಒಂದು ದಿನದ ವ್ಯಾಪಾರ ಮುಗಿದಾಗ ಏಳಬಹುದಿತ್ತು. ಆದರೆ ನಾಳೆ ಬೆಳಿಗ್ಗೆಯ ಆರ್ಡರ್ ಹಾಕಿಬಿಡೋಣ ಅನಿಸುತ್ತದೆ. ಬಾಕ್ಸ್ ಬಂದರೆ ಜೋಡಿಸಿಬಿಡೋಣ ಅನಿಸುತ್ತದೆ. ಜೋಡಿಸಿದ ಮೇಲೆ ಬಾಗಿಲು ತೆಗೆಯದೆ ಇರುವುದು ಹೇಗೆ?

ಇದು ಮೋಸವೇ ಅಂತ ನೀವು ಕೇಳಬಹುದು. ನಾನು ಮೋಸ ಅನ್ನುವುದಿಲ್ಲ. ಆದರೆ ಎಲ್ಲ ಅಂಗಡಿ ಆಟಗಳೂ ಒಂದೇ ಅಂತಲೂ ಅನ್ನುವುದಿಲ್ಲ. ನಿಮ್ಮ ಆಟವನ್ನು ಒಮ್ಮೆ ದುಡ್ಡು ಕೊಟ್ಟು ಕೊಂಡಿರಿ. ನೀವು ಒಂದು ವಾರ ಹೋಗದಿದ್ದರೆ ಅಲ್ಲಿ ಏನೂ ಹಾಳಾಗುವುದಿಲ್ಲ. ಬಿಟ್ಟ ಜಾಗದಲ್ಲೇ ನಿಂತು ಕಾಯುತ್ತದೆ. 2009ರಲ್ಲಿ ಬಂದ ಬೇಸಾಯದ ಆಟ 'ಫಾರ್ಮ್‌ವಿಲ್' ಹಾಗಿರಲಿಲ್ಲ. ಹೇಳಿದ ಹೊತ್ತಿಗೆ ಬಂದು ಕೊಯ್ಯದಿದ್ದರೆ ಬೆಳೆ ಒಣಗುತ್ತಿತ್ತು, ಜನ ಅಲಾರಂ ಇಟ್ಟು ಎದ್ದು ಬರುತ್ತಿದ್ದರು. ಇವತ್ತು ಫೋನಿನಲ್ಲಿ ಪುಕ್ಕಟೆ ಸಿಗುವ ಎಷ್ಟೋ ಅಂಗಡಿ, ಹೋಟೆಲ್ ಆಟಗಳು ಅದೇ ದಾರಿಯವು. ನಾಲ್ಕು ಗಂಟೆ ಕಾಯಿರಿ, ಇಲ್ಲವೇ ವಜ್ರ ಕೊಡಿ. ಆಟದೊಳಗಿನ ಆ ವಜ್ರ ಕೊಳ್ಳಲು ಯುಪಿಐಯಿಂದ ನಿಜವಾದ ದುಡ್ಡು. ನಾನು ಭಯಪಡುವುದು ಅವುಗಳಿಗೆ. ಅಲ್ಲಿ ಬೇಸರವನ್ನು ಬೇಕೆಂದೇ ಇಟ್ಟು, ಅದನ್ನು ತಪ್ಪಿಸಿಕೊಳ್ಳುವ ದಾರಿಯನ್ನು ಮಾರುತ್ತಾರೆ. ನಿಮ್ಮ ಮಗಳ ಕೈಗೆ ಫೋನು ಹೋದಾಗ ನೋಡಬೇಕಾದದ್ದು ಇದನ್ನೇ.

ನಡುವೆ ಇನ್ನೊಂದು ಬಗೆ ಇದೆ. 2024ರಲ್ಲೇ ಬಂದ 'ಟಿಸಿಜಿ ಕಾರ್ಡ್ ಶಾಪ್ ಸಿಮ್ಯುಲೇಟರ್' ನಿಮ್ಮ ತಮ್ಮ ಮುಂದಿನ ಸಲ ಹೇಳಬಹುದು. ಅದರಲ್ಲಿ ಆಟದ ಕಾರ್ಡುಗಳ ಪ್ಯಾಕೆಟ್ ಮಾರಬೇಕು. ಬೇಕಾದರೆ ಮಾರುವ ಬದಲು ನೀವೇ ಒಡೆದು ನೋಡಬಹುದು. ಒಳಗೆ ಬೆಲೆಬಾಳುವ ಕಾರ್ಡು ಇರಬಹುದು, ಇಲ್ಲದೆಯೂ ಇರಬಹುದು. ಯಾವಾಗ ಸಿಗುತ್ತದೆ ಅಂತ ಗೊತ್ತಿಲ್ಲದ ಬಹುಮಾನವೇ ಹೆಚ್ಚು ಹಿಡಿದಿಡುತ್ತದೆ ಅನ್ನುವುದು ಮನಃಶಾಸ್ತ್ರಜ್ಞ ಬಿ. ಎಫ್. ಸ್ಕಿನ್ನರ್ ಕಾಲದಿಂದ ಗೊತ್ತಿರುವ ಸಂಗತಿ. ಲಾಟರಿ ನಿಂತಿರುವುದೂ ಅದರ ಮೇಲೇ. ಈ ಆಟದಲ್ಲಿ ಒಡೆಯುವುದು ಆಟದ ದುಡ್ಡಿನ ಪ್ಯಾಕೆಟ್, ಜೇಬಿನದ್ದಲ್ಲ. ಹಾಗಾಗಿ ಜೂಜಲ್ಲ, 2025ರಲ್ಲಿ ಸಂಸತ್ತು ನಿಷೇಧಿಸಿದ ಹಣದ ಆಟಗಳ ಸಾಲಿಗೂ ಸೇರುವುದಿಲ್ಲ. ಆದರೂ ನಿಮ್ಮ ಈಗಿನ ಸ್ಥಿತಿಯಲ್ಲಿ, ಬೇಸರವಾದ ಮೇಲೂ ಕೂರುವ ರೂಢಿ ಬಿದ್ದಿರುವಾಗ, ಅದಕ್ಕೆ ಈಗಲೇ ಹೋಗಬೇಡಿ ಅಂತ ಹೇಳುತ್ತೇನೆ.

ಈಗ ಚಟದ ಪ್ರಶ್ನೆ. ವಿಶ್ವ ಆರೋಗ್ಯ ಸಂಸ್ಥೆ ತನ್ನ ರೋಗಗಳ ಪಟ್ಟಿಯಲ್ಲಿ ಗೇಮಿಂಗ್ ಡಿಸಾರ್ಡರ್ ಸೇರಿಸಿದೆ, 2022ರ ಜನವರಿಯಿಂದ ಆ ಪಟ್ಟಿ ಜಾರಿಯಲ್ಲಿದೆ. ಅದರಲ್ಲಿ ಗಂಟೆಗಳ ಲೆಕ್ಕ ಇಲ್ಲ. ನೋಡುವುದು ಮೂರು ವಿಷಯ: ಆಟದ ಮೇಲೆ ಹಿಡಿತ ತಪ್ಪಿದೆಯೇ, ಬದುಕಿನ ಉಳಿದೆಲ್ಲದಕ್ಕಿಂತ ಆಟ ಮುಂದೆ ಬಂದಿದೆಯೇ, ಹಾನಿಯಾಗುತ್ತಿದೆ ಅಂತ ಗೊತ್ತಿದ್ದೂ ಮುಂದುವರಿಯುತ್ತಿದೆಯೇ. ಇವುಗಳಿಂದ ಮನೆ, ಕೆಲಸ, ಆರೋಗ್ಯ ಗಂಭೀರವಾಗಿ ಕೆಟ್ಟಿರಬೇಕು. ಸಾಮಾನ್ಯವಾಗಿ ಒಂದು ವರ್ಷದಷ್ಟಾದರೂ ಹೀಗೇ ನಡೆದಿರಬೇಕು. ನೀವು ಬರೆದದ್ದನ್ನು ಓದಿದರೆ ಕೆಲಸಕ್ಕೆ ಹೋಗುತ್ತಿದ್ದೀರಿ, ಮನೆಯವರ ಮಾತು ಕೇಳಿಸಿಕೊಳ್ಳುತ್ತಿದ್ದೀರಿ, ಆಗಿರುವುದು ಎರಡು ತಿಂಗಳು. ಪತ್ರ ನೋಡಿ ಯಾರಿಗೂ ರೋಗ ಹೇಳಲು ಬರುವುದಿಲ್ಲ, ಅದು ನನ್ನ ಕೆಲಸವೂ ಅಲ್ಲ. ಆದರೆ ಆ ಅಳತೆಯಲ್ಲಿ ಇದು ತುಂಬಾ ದೂರ.

ಆಡಿದಷ್ಟೂ ಮನಸ್ಸು ಕೆಡುತ್ತದೆ ಅನ್ನುವುದೂ ಅಷ್ಟು ಸುಲಭವಾಗಿ ನಿಲ್ಲುವ ಮಾತಲ್ಲ. ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದವರು 2022ರಲ್ಲಿ ಏಳು ಆಟಗಳ ಸುಮಾರು 39,000 ಆಟಗಾರರನ್ನು ನೋಡಿದರು. ಜನ ಹೇಳಿದ ಗಂಟೆ ನಂಬದೆ, ಕಂಪನಿಗಳಿಂದಲೇ ಆಡಿದ ಸಮಯದ ಲೆಕ್ಕ ತರಿಸಿಕೊಂಡರು. ಆಡಿದ ಗಂಟೆ ಹೆಚ್ಚಾದರೆ ನೆಮ್ಮದಿ ಕಡಿಮೆಯಾಗುತ್ತದೆ ಅಂತ ಸಿಗಲಿಲ್ಲ. ವ್ಯತ್ಯಾಸ ಕಂಡದ್ದು ಬೇರೆ ಕಡೆ. ಇಷ್ಟಪಟ್ಟು ಆಡುವವರು ಒಂದು ಬಗೆ, ಆಡಲೇಬೇಕು ಅನ್ನುವ ಒತ್ತಡದಿಂದ ಆಡುವವರು ಇನ್ನೊಂದು ಬಗೆ. ನೆಮ್ಮದಿ ಕಡಿಮೆ ಇದ್ದದ್ದು ಎರಡನೆಯವರಲ್ಲಿ. ಮೊದಲ ಎರಡು ವಾರದಲ್ಲಿ ನೀವು ಮೊದಲನೆಯ ಗುಂಪಿನಲ್ಲಿದ್ದಿರಿ. ಈಗ ಎರಡನೆಯದರ ಹೊಸ್ತಿಲಲ್ಲಿದ್ದೀರಿ. ನನಗೆ ನಿಮ್ಮ ಪತ್ರದಲ್ಲಿ ಕಾಳಜಿ ಹುಟ್ಟಿಸಿದ್ದು ಎರಡು ಮಾತು: ಬೇಸರ ಮತ್ತು ರಾತ್ರಿ ಒಂದು ಗಂಟೆಗೆ ಏಳುವುದು. ಬೇಸರದ ಆಟಕ್ಕೆ ದಿನಾ ಎರಡೂವರೆ ಗಂಟೆ ನಿದ್ದೆ ಕೊಡುತ್ತಿದ್ದೀರಿ. ಮರುದಿನ ಬೇರೆಯವರ ದುಡ್ಡು ಎಣಿಸುವ ಕೆಲಸ. ಅಲ್ಲಿ ನಿದ್ದೆಗೆಟ್ಟ ಕಣ್ಣಿಗೆ ಒಂದು ನೋಟು ಜಾರಿದರೆ ಅದು ನಿಜವಾದ ನಷ್ಟ.

ಮುಂದೆ ಎಂದಾದರೂ ಕೆಲಸ ತಪ್ಪಿಸುವುದು, ಸುಳ್ಳು ಹೇಳಿ ಆಡುವುದು, ಆಡದಿದ್ದರೆ ಸಿಡುಕುವುದು ಶುರುವಾದರೆ ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಇದಕ್ಕೇ ಅಂತ 2014ರಿಂದ 'ಶಟ್' ಕ್ಲಿನಿಕ್ ಇದೆ. ದಾವಣಗೆರೆಯಿಂದಲೇ ಮಾತಾಡಬೇಕು ಅಂದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್, 14416. ಕನ್ನಡದಲ್ಲೇ ಮಾತಾಡಬಹುದು.

ಈಗ ಏನು ಮಾಡಬಹುದು? ಸುಲಭದ ದಾರಿ ಆಟವನ್ನೇ ಅನ್‌ಇನ್‌ಸ್ಟಾಲ್ ಮಾಡುವುದು. ಆಟ ಮುಗಿದಿದೆ ಅಂತ ನಾನೇ ಹೇಳಿದ್ದೇನಲ್ಲ, ಅದಕ್ಕೆ ಇದು ಸರಿಯಾದ ದಾರಿಯೇ. ಒಂದು ಎಚ್ಚರಿಕೆ ಮಾತ್ರ. ರಾತ್ರಿ ಹತ್ತೂವರೆಗೆ ನಿಮಗೆ ಬೇಕಾಗಿದ್ದದ್ದು ಯಾರೂ ಏನೂ ಕೇಳದ ಎರಡು ಗಂಟೆ. ಆಟ ತೆಗೆದರೂ ಆ ಬೇಕು ಹೋಗುವುದಿಲ್ಲ. ಅದರ ಜಾಗಕ್ಕೆ ರೀಲ್ಸ್ ಬಂದು ಕೂತರೆ ನಿದ್ದೆ ಸಿಗಲಿಲ್ಲ, ಖುಷಿಯೂ ಸಿಗಲಿಲ್ಲ. ತೆಗೆಯುವುದಾದರೆ ಆ ಹೊತ್ತಿಗೆ ಏನು ಅಂತ ಮೊದಲೇ ಯೋಚಿಸಿಕೊಳ್ಳಿ.

ಆಟ ಇನ್ನೂ ಸ್ವಲ್ಪ ಬೇಕು ಅನಿಸಿದರೆ, ಡಿಸೈನರ್ ಇಡದ ಮುಕ್ತಾಯವನ್ನು ನೀವೇ ಇಡಿ. ನಾನು ಗೆಳೆಯರಿಗೆ ಹೇಳುವುದು ಇದನ್ನೇ. ಹೊಸದಾಗಿ ಶುರು ಮಾಡಿ. ಕೆಲಸದವರನ್ನು ಇಟ್ಟುಕೊಳ್ಳುವುದಿಲ್ಲ ಅಂತ ನಿಯಮ ಮಾಡಿಕೊಳ್ಳಿ. ಸಣ್ಣ ಅಂಗಡಿ, ನಿಮ್ಮದೇ ಎರಡು ಕೈ. ಆಟದ ಲೆಕ್ಕದಲ್ಲಿ ಮೂವತ್ತು ದಿನ ಆದ ಮೇಲೆ ಎಷ್ಟು ದುಡ್ಡು ಉಳಿದಿದೆ ಅಂತ ಬರೆದಿಟ್ಟು ಮುಗಿಸಿ. ಮೊದಲ ವಾರದ ರುಚಿ ವಾಪಸ್ ಬರುತ್ತದೆ, ಯಾಕೆಂದರೆ ಸಮಯ, ಜಾಗ, ದುಡ್ಡು ಸಾಲದು ಅನ್ನುವ ಸ್ಥಿತಿ ವಾಪಸ್ ಬಂದಿದೆ. ಇದರ ಅಪಾಯ ಅಂದರೆ ಮೂವತ್ತನೆಯ ದಿನ ಬಂದಾಗ 'ಇನ್ನೊಂದು ಹತ್ತು ದಿನ' ಅನಿಸುವುದು. ಆ ಒಪ್ಪಂದವನ್ನು ಮನೆಯವರಿಗೆ ಮೊದಲೇ ಹೇಳಿಟ್ಟರೆ ಒಳ್ಳೆಯದು.

ಏಳುವ ಸಮಯಕ್ಕೆ ಗೋಡೆ ಗಡಿಯಾರಕ್ಕಿಂತ ಆಟದ ಗಡಿಯಾರವೇ ವಾಸಿ. 'ಹನ್ನೊಂದೂವರೆಗೆ ಏಳುತ್ತೇನೆ' ಅಂದರೆ ಹನ್ನೊಂದೂವರೆಗೆ ಅಂಗಡಿಯಲ್ಲಿ ಮಧ್ಯಾಹ್ನವಾಗಿರುತ್ತದೆ, ಬಿಟ್ಟು ಏಳಲು ಮನಸ್ಸು ಬರುವುದಿಲ್ಲ. 'ಇವತ್ತು ಎರಡು ದಿನದ ವ್ಯಾಪಾರ, ಲೆಕ್ಕದ ಹಾಳೆ ಬಂದ ಕೂಡಲೇ ಬಂದ್' ಅಂದುಕೊಳ್ಳಿ. ಮರುದಿನದ ಆರ್ಡರ್ ಹಾಕಲು ಹೋಗಬೇಡಿ. ಮತ್ತೆ ಸಿಕ್ಕಿಹಾಕಿಕೊಳ್ಳುವುದು ಅಲ್ಲಿಂದಲೇ.

ಅಥವಾ ಕೊನೆ ಇರುವ ಅಂಗಡಿ ಆಟಕ್ಕೆ ಹೋಗಿ. ಜಪಾನಿನ 'ರೆಸೆಟಿಯರ್' ಅನ್ನುವುದು ಹಳೆಯದು, 2007ರದ್ದು, 2010ರಲ್ಲಿ ಇಂಗ್ಲಿಷಿಗೆ ಬಂತು. ಅಪ್ಪ ಸಾಲ ಮಾಡಿ ಹೋಗಿದ್ದಾನೆ, ಮಗಳು ಅಂಗಡಿ ಇಟ್ಟು ವಾರವಾರ ಕಂತು ಕಟ್ಟಬೇಕು. ಗಿರಾಕಿ ಚೌಕಾಸಿ ಮಾಡುತ್ತಾನೆ. ಸಾಲ ತೀರಿದರೆ ಕಥೆ ಮುಗಿಯುತ್ತದೆ. ಕಂತಿನ ದಿನ ಹತ್ತಿರ ಬಂದಾಗ ಮೈ ಬಿಸಿಯಾಗುತ್ತದೆ, ದುಡಿದು ದಣಿದ ರಾತ್ರಿಗೆ ಅದು ಎಲ್ಲರಿಗೂ ಹಿಡಿಸುವುದಿಲ್ಲ. ಯಾವುದೇ ಹೊಸ ಆಟ ಸ್ಟೀಮ್‌ನಲ್ಲಿ ಕೊಂಡರೆ 14 ದಿನದೊಳಗೆ, 2 ಗಂಟೆಗಿಂತ ಕಡಿಮೆ ಆಡಿದ್ದರೆ ದುಡ್ಡು ವಾಪಸ್ ಕೇಳಬಹುದು. ಅಂಗಡಿ ಆಟಗಳ ಮೊದಲ ಎರಡು ಗಂಟೆ ಯಾವಾಗಲೂ ಚಂದ ಅನ್ನುವುದನ್ನೂ ನೆನಪಿಡಿ.

ಮಗಳ ವಿಷಯ ಸುಲಭ. ನೋಡುತ್ತಾ ಕೂರಿಸುವ ಬದಲು ಭಾನುವಾರ ಹಗಲು ಕೌಂಟರನ್ನು ಅವಳಿಗೇ ಬಿಟ್ಟುಕೊಡಿ. ಹದಿಮೂರು ಡಾಲರು ಎಪ್ಪತ್ತೈದು ಸೆಂಟಿನ ಬಿಲ್ಲಿಗೆ ಇಪ್ಪತ್ತರ ನೋಟು ಬಂದರೆ ವಾಪಸ್ ಎಷ್ಟು? ಒಂಬತ್ತು ವರ್ಷದವರಿಗೆ ಇದು ಒಳ್ಳೆಯ ಬಾಯಿಲೆಕ್ಕ. ರಾತ್ರಿ ಹತ್ತೂವರೆಗೆ ಮಾತ್ರ ಅವಳು ಅಲ್ಲಿ ಇರಬಾರದು.

ಕೊನೆಗೆ ಮಾವನವರ ಮಳಿಗೆ. ಇದರ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳುತ್ತೇನೆ, ಯಾಕೆಂದರೆ ಇಲ್ಲಿ ಹೋಗುವುದು ನಿಮ್ಮ ಉಳಿತಾಯ.

ಆಟ ಏನೂ ಕಲಿಸಿಲ್ಲ ಅನ್ನುವುದಿಲ್ಲ. ಸ್ಟಾಕಿನಲ್ಲಿ ದುಡ್ಡು ಸಿಕ್ಕಿಕೊಳ್ಳುತ್ತದೆ, ಓಡದ ಸಾಮಾನು ರ‍್ಯಾಕಿನ ಜಾಗ ತಿನ್ನುತ್ತದೆ. ಇವು ನಿಜ. ಆದರೆ ಆಟದಲ್ಲಿ ನೀವು ಮಾಡುವ ಬೆಲೆ ನಿರ್ಧಾರ ನಿಜವಾದ ಅಂಗಡಿಯಲ್ಲಿ ಬಹುಮಟ್ಟಿಗೆ ಇರುವುದೇ ಇಲ್ಲ. ನಮ್ಮಲ್ಲಿ ಪ್ಯಾಕೆಟ್ಟಿನ ಮೇಲೆ ಎಂಆರ್‌ಪಿ ಅಚ್ಚಾಗಿ ಬರುತ್ತದೆ. ಅದಕ್ಕಿಂತ ಒಂದು ರೂಪಾಯಿ ಜಾಸ್ತಿ ತೆಗೆದುಕೊಂಡರೂ ಕಾನೂನು ತಪ್ಪು. ಕಡಿಮೆಗೆ ಕೊಡಬಹುದು, ಪಕ್ಕದವನು ಕೊಡುತ್ತಿದ್ದರೆ ಕೊಡಲೇಬೇಕು. ಹಾಗಾದರೆ ಲಾಭ ಎಲ್ಲಿ? ಕೊಳ್ಳುವಲ್ಲಿ. ಡಿಸ್ಟ್ರಿಬ್ಯೂಟರ್ ಹುಡುಗ ಯಾವ ಸ್ಕೀಮ್ ತಂದ, ಹತ್ತಕ್ಕೆ ಒಂದು ಪುಕ್ಕಟೆ ಅಂದಾಗ ಅಷ್ಟು ಸಾಮಾನು ಓಡುತ್ತದೆಯೇ, ನಗದು ಕೊಟ್ಟರೆ ಎಷ್ಟು ಬಿಡುತ್ತಾನೆ, ಎಕ್ಸ್‌ಪೈರಿ ಆದದ್ದನ್ನು ವಾಪಸ್ ತೆಗೆದುಕೊಳ್ಳುತ್ತಾನೋ ಇಲ್ಲವೋ. ಅಕ್ಕಿ, ಬೇಳೆ ಪ್ಯಾಕೆಟ್ ಇಲ್ಲದೆ ಬಿಡಿಯಾಗಿ ತರುವುದಾದರೆ ಎಪಿಎಂಸಿಯಲ್ಲಿ ಯಾವ ವಾರ ಕೊಳ್ಳಬೇಕು. ಆಟದಲ್ಲಿ ಈ ಮನುಷ್ಯರು ಯಾರೂ ಇಲ್ಲ. ಕಂಪ್ಯೂಟರಿನಲ್ಲಿ ಒತ್ತಿದರೆ ಬಾಗಿಲಿಗೆ ಬಾಕ್ಸ್.

ನಿಮ್ಮ ಆಟದಲ್ಲಿ ಯಾರೂ ಉದ್ರಿ ಕೇಳುವುದಿಲ್ಲ. ನಿಮ್ಮ ಅಪ್ಪನ ಅಂಗಡಿ ನೋಡಿದವರಿಗೆ ನಾನು ಇದನ್ನು ವಿವರಿಸಬೇಕಿಲ್ಲ. 'ಇಂದು ನಗದು, ನಾಳೆ ಉದ್ರಿ' ಅಂತ ಬೋರ್ಡು ಹಾಕಿದ ಅಂಗಡಿಯಲ್ಲೂ ಗಲ್ಲಾ ಕೆಳಗೆ ಒಂದು ಉದ್ರಿ ಪುಸ್ತಕ ಇರುತ್ತದೆ. ಅದೂ ಮಾವನವರ ಬೀದಿ. ಎದುರುಮನೆಯವರು ತಿಂಗಳ ಕೊನೆಯಲ್ಲಿ ಎಣ್ಣೆ, ಸಕ್ಕರೆ ತೆಗೆದುಕೊಂಡು 'ಬರ್ಕೊಳ್ಳಿ' ಅಂದರೆ ಅಳಿಯ ಇಲ್ಲ ಅನ್ನುವುದು ಹೇಗೆ? ನಾವು ಡಿಸೈನ್ ಮಾಡುವಾಗ ಉದ್ರಿಯನ್ನು ಬಿಟ್ಟುಬಿಡುತ್ತೇವೆ, ಯಾಕೆಂದರೆ ಅದು ಲೆಕ್ಕಕ್ಕಿಂತ ಸಂಬಂಧದ ವಿಷಯ, ಆಟದೊಳಗೆ ಕೂರಿಸಲು ಬರುವುದಿಲ್ಲ. ಹಾಗೇ ಆ ಅಂಗಡಿಯಲ್ಲಿ ಮೊಸರು ಹುಳಿಯಾಗುವುದಿಲ್ಲ, ಇಲಿ ಗೋಣಿಚೀಲ ಕಡಿಯುವುದಿಲ್ಲ.

ಕಾಗದಪತ್ರದ ಕೆಲಸವೂ ಅಲ್ಲಿಲ್ಲ. ಆಹಾರ ಪದಾರ್ಥ ಮಾರಲು ಆಹಾರ ಸುರಕ್ಷತಾ ಪ್ರಾಧಿಕಾರದ, ಅಂದರೆ ಎಫ್‌ಎಸ್‌ಎಸ್‌ಎಐ ನೋಂದಣಿ ಬೇಕು. ಸರಕು ಮಾರುವವರ ವಾರ್ಷಿಕ ವಹಿವಾಟು 40 ಲಕ್ಷ ದಾಟಿದರೆ ಜಿಎಸ್‌ಟಿ ನೋಂದಣಿ. ಕಿರಾಣಿಯಲ್ಲಿ ಲಾಭದ ಅಂಶ ಸಣ್ಣದು, ವಹಿವಾಟು ದೊಡ್ಡದು. ದಿನಕ್ಕೆ ಹನ್ನೊಂದು ಸಾವಿರದ ವ್ಯಾಪಾರವಾದರೆ ವರ್ಷಕ್ಕೆ 40 ಲಕ್ಷ ಮುಟ್ಟುತ್ತದೆ. 2025ರ ಜುಲೈನಲ್ಲಿ ಯುಪಿಐ ಲೆಕ್ಕ ನೋಡಿ ವಾಣಿಜ್ಯ ತೆರಿಗೆ ಇಲಾಖೆ ಸಣ್ಣ ವ್ಯಾಪಾರಿಗಳಿಗೆ ನೋಟಿಸ್ ಕೊಟ್ಟದ್ದು, ಬೆಂಗಳೂರಿನಲ್ಲಿ ಎಷ್ಟೋ ಅಂಗಡಿಗಳು 'ನಗದು ಮಾತ್ರ' ಅಂತ ಚೀಟಿ ಅಂಟಿಸಿದ್ದು ನಿಮಗೆ ನೆನಪಿರಬಹುದು. ಬ್ಯಾಂಕಿನಲ್ಲಿರುವ ನಿಮಗೆ ಈ ಭಾಗ ಉಳಿದವರಿಗಿಂತ ಸುಲಭ. ಆಟಕ್ಕಿಂತ ನಿಮ್ಮ ಬ್ಯಾಂಕಿನ ಅನುಭವವೇ ಅಲ್ಲಿ ಹೆಚ್ಚು ಕೆಲಸಕ್ಕೆ ಬರುತ್ತದೆ.

ಆಸೆಯನ್ನು ಬಿಡಿ ಅಂತ ನಾನು ಹೇಳುತ್ತಿಲ್ಲ. ಒಂದು ತಿಂಗಳು ರಾತ್ರಿಯ ಆಟದ ಹೊತ್ತನ್ನು ಸಂಜೆಗೆ ತಂದು, ಪರಿಚಯದ ಯಾರದಾದರೂ ಕಿರಾಣಿ ಅಂಗಡಿಯಲ್ಲಿ ಕೂತು ನೋಡಿ. ತಿಂಗಳ ಮೊದಲ ವಾರ ಸಂಬಳ ಬಂದಾಗಲೂ ಕೂರಿ, ಕೊನೆಯ ವಾರ ಪುಸ್ತಕದಲ್ಲಿ ಬರೆಸುವವರು ಹೆಚ್ಚಾದಾಗಲೂ ಕೂರಿ. ಭಾನುವಾರ ಪೂರ್ತಿ ದಿನ ಕೂರಿ. ಮಧ್ಯಾಹ್ನ ಎರಡರಿಂದ ನಾಲ್ಕರವರೆಗೆ ಒಬ್ಬನೇ ಗಿರಾಕಿ ಬರುವ ಹೊತ್ತು ಹೇಗಿರುತ್ತದೆ ಅಂತ ನೋಡಿ, ಯಾಕೆಂದರೆ ಆ ಹೊತ್ತನ್ನು ಯಾವ ಆಟವೂ ತೋರಿಸುವುದಿಲ್ಲ. ಸಾಧ್ಯವಾದರೆ ಅವರ ಉದ್ರಿ ಪುಸ್ತಕದಲ್ಲಿ ಆರು ತಿಂಗಳಿಗಿಂತ ಹಳೆಯ ಬಾಕಿ ಎಷ್ಟಿದೆ ಅಂತ ಕೇಳಿ.

ಜೊತೆಗೆ ನಿಮ್ಮ ಬ್ಯಾಂಕಿನ ಸೇವಾ ನಿಯಮ ತೆಗೆದು ಓದಿ. ಕೆಲಸದಲ್ಲಿದ್ದುಕೊಂಡು ಬೇರೆ ವ್ಯಾಪಾರ ಮಾಡಲು ಅನುಮತಿ ಬೇಕಾಗಬಹುದು. ಅಂಗಡಿಯನ್ನು ಮನೆಯವರ ಹೆಸರಿನಲ್ಲಿ ಮಾಡೋಣ ಅನ್ನುವ ಯೋಚನೆ ಇದ್ದರೆ, ಬೆಳಿಗ್ಗೆ ಹತ್ತರಿಂದ ಸಂಜೆ ಆರರವರೆಗೆ ನೀವು ಬ್ಯಾಂಕಿನಲ್ಲಿರುವಾಗ ಗಲ್ಲಾದಲ್ಲಿ ಕೂರುವವರು ಅವರೇ. ಮಳಿಗೆಯ ಅಡ್ವಾನ್ಸ್, ರ‍್ಯಾಕು ಅಂತ ಲೆಕ್ಕ ಹಾಕುವ ಮೊದಲು ಅವರಿಗೆ ಇದು ಬೇಕೇ ಅಂತ ಕೇಳಿ.